ಇಂಡೋನೇಷ್ಯಾದ ಹುಡುಗಿಯರು ಇನ್‌ಸ್ಟಾಗ್ರಾಂನಲ್ಲಿ ಎರಡೆರಡು ಖಾತೆ ಇಟ್ಟುಕೊಳ್ಳುವುದು ಯಾಕೆ?

ಕದ್ದುಮುಚ್ಚಿ ಏನೋ ಮಾಡೋಕೆ ಅಂದುಕೊಳ್ಳಬೇಡಿ. ಮೊದಲ ಖಾತೆ ಮನೆಯ ಜಗಲಿ ಇದ್ದ ಹಾಗೆ. ಅಮ್ಮ, ಚಿಕ್ಕಮ್ಮ, ಮೇಷ್ಟ್ರು, ಆಫೀಸಿನವರು ಎಲ್ಲರೂ ಅಲ್ಲಿರುತ್ತಾರೆ. ರಂಜಾನ್ ಹಬ್ಬದ ಫೋಟೊ, ಪದವಿ ದಿನದ ಫೋಟೊ ಅಲ್ಲಿಗೆ. ಎರಡನೆಯದಕ್ಕೆ ಬೀಗ. ನಂಬಿಕೆಯ ಕೆಲವೇ ಗೆಳತಿಯರಿಗೆ ಪ್ರವೇಶ. ಅಳು, ಬೈಗುಳ, ಪ್ರೇಮದ ಗೋಳು, ಹಿಜಾಬ್ ಇಲ್ಲದ ಒಂದು ಸೆಲ್ಫಿ, ಎಲ್ಲ ಇಲ್ಲಿ. ಸುಮ್ನೆ ಮೂಗು ತೂರಿಸುವವರಿಗೆ ಅಲ್ಲಿ 'ಕೆಪೊ' ಅಂತ ಹೆಸರೇ ಇದೆ. ನಮ್ಮಲ್ಲೂ ಇಂಥವರಿಗೆ ಬರವಿಲ್ಲ ಬಿಡಿ!

ಖಾಸಗಿ ಮಾತು ಹೊರಬಿದ್ದರೆ ಎಂಬ ಭಯಕ್ಕೆ ಇನ್ನೂ ದೊಡ್ಡ ಕಾರಣ ಇದೆ. ಲೊಂಬೊಕ್ ದ್ವೀಪದ ಬೈಕ್ ನುರಿಲ್ ಎಂಬಾಕೆ ಶಾಲೆಯ ಮುಖ್ಯೋಪಾಧ್ಯಾಯರ ಅಸಭ್ಯ ಫೋನ್ ಮಾತನ್ನು ರೆಕಾರ್ಡ್ ಮಾಡಿದ್ದರು. ಅದು ಹರಿದಾಡಿತು. 2018ರಲ್ಲಿ ಸುಪ್ರೀಂ ಕೋರ್ಟ್ ಆಕೆಗೇ 6 ತಿಂಗಳ ಜೈಲು ವಿಧಿಸಿತು! ಜನ ದನಿ ಎತ್ತಿದರು. 2019ರಲ್ಲಿ ಅಧ್ಯಕ್ಷ ಜೋಕೊ ವಿಡೊಡೊ ಕ್ಷಮಾದಾನ ಕೊಟ್ಟರು.

ಕಾನೂನು ಬದಲಾಗಿದೆ. ಒಪ್ಪಿಗೆಯಿಲ್ಲದೆ ಒಬ್ಬರ ಖಾಸಗಿ ಲೈಂಗಿಕ ಚಿತ್ರ ತೆಗೆಯುವುದು, ಹಂಚುವುದು 2022ರ ಲೈಂಗಿಕ ದೌರ್ಜನ್ಯ ಕಾನೂನಿನಲ್ಲಿ ಅಪರಾಧ. ಆದರೆ ಚಿಕ್ಕಮ್ಮನ ಕಣ್ಣಿಗೆ ಯಾವ ಕಾನೂನು ಅಡ್ಡ ಬರುತ್ತೆ? ಅದಕ್ಕೇ ಎರಡನೇ ಖಾತೆ.