ನೋಡಿದ ಕೂಡಲೇ ಹೊರಗಿನವರೆಂದು ಗೊತ್ತಾಗುವ ಊರಲ್ಲಿ ಕೆಲಸ ಮಾಡುವುದು ಹೇಗಿರುತ್ತದೆ?

ಫಾರಿನ್‌ಗೆ ಹೋದವರ ಉತ್ತರ ನಿರೀಕ್ಷಿಸಿದ್ದೀರೇನೋ. ನಾನು ಹುಬ್ಬಳ್ಳಿ ದಾಟಿ ಆಚೆ ದುಡಿದವನಲ್ಲ. ಯಲ್ಲಾಪುರ ತಾಲೂಕಿನ ಸಿದ್ದಿ. ಗುಂಗುರು ಕೂದಲು, ಕಪ್ಪು ಮೈ. ಪೋರ್ಚುಗೀಸರು ಆಫ್ರಿಕಾದಿಂದ ಗೋವಾಕ್ಕೆ ತಂದ ಗುಲಾಮರಲ್ಲಿ ತಪ್ಪಿಸಿಕೊಂಡು ಕಾಡು ಸೇರಿದವರ ಕುಲ ನಮ್ಮದು. ಮನೆಯಲ್ಲಿ ಕೊಂಕಣಿ, ಶಾಲೆಯಲ್ಲಿ ಕನ್ನಡ.

2012ರಿಂದ ಹುಬ್ಬಳ್ಳಿಯ ಒಂದು ಪಂಪ್‌ಸೆಟ್ ಅಂಗಡಿಯಲ್ಲಿದ್ದೇನೆ. ಆಗ ಕ್ರಿಸ್ ಗೇಲ್ ಆರ್‌ಸಿಬಿಯಲ್ಲಿದ್ದ. ಹಾಗಾಗಿ ಬಜಾರಿನಲ್ಲಿ ನನ್ನ ಹೆಸರೂ ಗೇಲ್. ಮ್ಯಾಚ್ ಸೋತರೆ ಮರುದಿನ ಚಹಾದಂಗಡಿಯಲ್ಲಿ ನನಗೇ ಬೈಗುಳ! 2018ರಲ್ಲಿ ಅವನು ಪಂಜಾಬ್ ತಂಡಕ್ಕೆ ಹೋದ. ಹೆಸರು ಮಾತ್ರ ನನ್ನನ್ನು ಬಿಡಲಿಲ್ಲ.

ಜನ ದಿಟ್ಟಿಸಿ ನೋಡುವುದು ಆರು ತಿಂಗಳಲ್ಲಿ ರೂಢಿಯಾಗುತ್ತದೆ. ರೂಢಿಯಾಗದ್ದು ಹೊಗಳಿಕೆ. "ಭಾಳ ಚೊಲೋ ಕನ್ನಡ ಮಾತಾಡ್ತೀರಿ, ಎಲ್ಲಿ ಕಲ್ತ್ರಿ?" ಯಲ್ಲಾಪುರ ಅಂದರೆ, "ಅಲ್ರೀ, ಅದಕ್ಕೂ ಮೊದ್ಲ ಎಲ್ಲಿದ್ರಿ?" ಅವ್ವನ ಹೊಟ್ಟೆಯಲ್ಲಿದ್ದೆ ಅಂತ ಒಮ್ಮೆ ಹೇಳಿಬಿಟ್ಟೆ. ಸಾಹುಕಾರರು ಆಮೇಲೆ ಬೈದರು.

2020ರಲ್ಲಿ ಧಾರವಾಡ ಜಿಲ್ಲೆಯ ಸಿದ್ದಿಗಳೂ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದರು. ಅದೇ ವರ್ಷ ನಮ್ಮ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ನಾಮಕರಣಗೊಂಡರು. ಅವರ ಫೋಟೋ ನೋಡಿದ್ದ ಆಟೋದವನೊಬ್ಬ ನನ್ನನ್ನು "ಇವ್ರು ನಿಮ್ಮವರೇನ್ರಿ?" ಅಂತ ಕೇಳಿದ. ಯಾವ ದೇಶ ಅಂತ ಕೇಳಲಿಲ್ಲ. ಅವತ್ತು ಚಿಲ್ಲರೆ ವಾಪಸ್ ಕೇಳಲಿಲ್ಲ ನಾನು.

ಫೋನಿನಲ್ಲಿ ಈ ತಾಪತ್ರಯವೇ ಇಲ್ಲ. ಶಿಗ್ಗಾವಿ ಕಡೆಯ ರೈತರೊಬ್ಬರು ಎರಡು ವರ್ಷ ನನ್ನ ಹತ್ತಿರ ಫೋನಿನಲ್ಲೇ ಸಾಮಾನು ತರಿಸಿಕೊಂಡರು. ಬಾಯಿ ತುಂಬ "ತಮ್ಮಾ" ಅನ್ನುತ್ತಿದ್ದರು. ಒಂದು ದಿನ ಸುಟ್ಟ ಮೋಟರ್ ಟೆಂಪೋದಲ್ಲಿ ಹಾಕಿಕೊಂಡು ತಾವೇ ಬಂದರು. ಕೌಂಟರಿನಲ್ಲಿ ನನ್ನನ್ನು ನೋಡಿ ಹರಕು ಮುರುಕು ಹಿಂದಿಯಲ್ಲಿ ಸೇಠ್ ಎಲ್ಲಿ ಅಂದರು. ನಾನು ಬಾಯಿ ಬಿಡುವಷ್ಟರಲ್ಲಿ ಫೋನ್ ಹಚ್ಚಿದರು. ನನ್ನ ಕಿಸೆ ರಿಂಗಾಯಿತು. ಅಲ್ಲೇ ನಿಂತು ಎತ್ತಿದೆ: "ಹೇಳ್ರಿ ಕಾಕಾ, ಮೋಟರ್ ಮತ್ತ ಸುಟ್ಟೈತೇನ್ರಿ?"

ಅವರು ಫೋನ್ ನೋಡಿದರು, ನನ್ನನ್ನು ನೋಡಿದರು. "ಲೇ ತಮ್ಮಾ, ನೀನ ಏನೋ!" ಅದನ್ನೂ ಫೋನಿನಲ್ಲೇ ಹೇಳಿದರು, ಕಿವಿಯಿಂದ ತೆಗೆದಿರಲಿಲ್ಲ.

ಬಾಡಿಗೆ ರೂಮಿನ ವಿಷಯದಲ್ಲಿ ಮಾತ್ರ ಇದೇ ಫೋನ್ ಕೈಕೊಟ್ಟಿತು. "ಬರ್ರಿ, ಖಾಲಿ ಐತಿ" ಅಂದವರೇ ಬಾಗಿಲಲ್ಲಿ ನನ್ನ ಮುಖ ನೋಡಿ "ನಿನ್ನೇನ ಕೊಟ್ಟೇವಿ" ಅಂದರು. ಮೂರು ಕಡೆ ಹೀಗೇ ಆಯಿತು. ಈಗ ಫೋನಿನಲ್ಲೇ "ನಾನು ಸಿದ್ದಿ ಅದೀನ್ರಿ" ಅಂದುಬಿಡುತ್ತೇನೆ. ಸುಮ್ನೆ ಬಸ್ ಚಾರ್ಜ್ ಯಾಕೆ ದಂಡ, ಅಲ್ವಾ?