ಓದುಗರ ಪ್ರಶ್ನೆ: ಈ ಚಿತ್ರಸಂಗೀತದಲ್ಲಿ ಪ್ರಯೋಗ ಎಲ್ಲಿದೆ?

ಪ್ರಶ್ನೆ: ಮಣಿಪಾಲದಲ್ಲಿ ಗೆಳೆಯರೊಬ್ಬರ ಮನೆಯಲ್ಲಿ 1964ರ ಬ್ರೆಜಿಲ್ ಚಿತ್ರ ‘ನೊಯ್ಟೆ ವಜಿಯಾ’ ನೋಡಿದೆ. ಅದಕ್ಕೆ ಸಂಗೀತ ನೀಡಿದ ರೊಜೇರಿಯೊ ದುಪ್ರಾ ಪ್ರಯೋಗಶೀಲರೆಂದು ಕೇಳಿದ್ದೆ. ನನಗೆ ಕೇಳಿಸಿದ್ದು ಪಿಯಾನೊ, ಬಾಸ್, ಡ್ರಮ್‌ಗಳ ಜಾಝ್ ಮಾತ್ರ. ಇದರಲ್ಲಿ ಪ್ರಯೋಗ ಎಲ್ಲಿದೆ?
– ಓದುಗರೊಬ್ಬರು, ಉಡುಪಿ

ಉತ್ತರ: ನೀವು ಕೇಳಿದ್ದು ಸರಿಯಾಗಿಯೇ ಇದೆ, ಅಲ್ಲಿ ನುಡಿಸಿದ್ದು ಜಿಂಬೊ ಟ್ರಿಯೊ ಎಂಬ ಮೂವರ ಜಾಝ್ ತಂಡ. ಆದರೆ ಆ ಮೂವರನ್ನು ಆರಿಸಿಕೊಂಡವರ ಹಿನ್ನೆಲೆಯನ್ನು ಗಮನಿಸಬೇಕು. ಚೆಲ್ಲೊ ವಾದಕರಾಗಿದ್ದ ದುಪ್ರಾ 1962ರಲ್ಲಿ ಜರ್ಮನಿಯ ಡಾರ್ಮ್‌ಸ್ಟಾಟ್‌ಗೆ ಹೋಗಿ ಆ ಕಾಲದ ಹೊಸ ಬಗೆಯ ಸಂಗೀತದ ಹೆಸರಾಂತ ಸಂಯೋಜಕರಾದ ಬುಲೆಜ್, ಸ್ಟಾಕ್‌ಹೌಸನ್ ಅವರ ಪಾಠ ಕೇಳಿದವರು. ಮರುವರ್ಷ ಸಂಗೀತಕ್ಕೆ ಹೊಸ ದಾರಿ ಬೇಕೆಂದ ‘ಮೂಸಿಕಾ ನೋವಾ’ (ಹೊಸ ಸಂಗೀತ) ಪ್ರಣಾಳಿಕೆಗೆ ಸಹಿ ಹಾಕಿದವರು. ಸಂಯೋಜಕ ದಮಿಯಾನೊ ಕೊಝೆಲ್ಲಾ ಅವರ ಜೊತೆಗೂಡಿ, ಕಂಪ್ಯೂಟರ್ ಎಂಬುದು ಅಪರೂಪವಾಗಿದ್ದ ಆ ದಿನಗಳಲ್ಲಿ, ಅದರ ಸಹಾಯದಿಂದ ಸ್ವರ ಹೊಂದಿಸಲು ಹೊರಟವರು. ಇಷ್ಟೆಲ್ಲ ಬಲ್ಲವರು ಇಬ್ಬರು ಗಂಡಸರು, ಇಬ್ಬರು ಹೆಂಗಸರು ಒಂದೇ ರಾತ್ರಿ ಒಂದು ಫ್ಲ್ಯಾಟಿನಲ್ಲಿ ಬೇಸರದಿಂದ ಹೊತ್ತು ಕಳೆಯುವ ಕಥೆಗೆ ಮೂರೇ ವಾದ್ಯಗಳನ್ನು ಇಟ್ಟುಕೊಂಡರು. ನನ್ನ ಮಟ್ಟಿಗೆ ಅವರ ಪ್ರಯೋಗ ಇರುವುದು ಆ ಹಿಡಿತದಲ್ಲಿಯೇ.

ನಮ್ಮ ಯಕ್ಷಗಾನ ನೋಡುವವರಿಗೆ ಇದು ಬೇಗ ಹೊಳೆಯುತ್ತದೆ. ಕರುಣ ರಸದ ಪದ್ಯಕ್ಕೆ ಭಾಗವತರ ಜೊತೆ ಮದ್ದಳೆಯೇ ಸಾಕು. ಚೆಂಡೆಯವರು ಕೋಲು ಕೈಯಲ್ಲಿದ್ದರೂ ಸುಮ್ಮನೆ ಕುಳಿತಿರುತ್ತಾರೆ. ಬಣ್ಣದ ವೇಷದ ಪ್ರವೇಶಕ್ಕೆ ಚೆಂಡೆ ಮೊಳಗಿದಾಗ ಮೈ ಜುಮ್ಮೆನ್ನುವುದು ಅಲ್ಲಿಯವರೆಗೆ ಅದನ್ನು ತಡೆದಿಟ್ಟದ್ದರಿಂದ.

ಸಂಗೀತವನ್ನೇ ಬಿಟ್ಟು ಸದ್ದನ್ನು ನಂಬಿದ ಚಿತ್ರವೂ ಆ ಕಾಲದ ಬ್ರೆಜಿಲ್‌ನಲ್ಲಿತ್ತು. ಅದು ದುಪ್ರಾ ಅವರದಲ್ಲ, ಆದರೆ ನಿಮ್ಮ ಪ್ರಶ್ನೆಗೆ ಬೇಕಾದದ್ದು: 1963ರಲ್ಲಿ ನೆಲ್ಸನ್ ಪೆರೇರಾ ದೊಸ್ ಸಾಂತೊಸ್ ನಿರ್ದೇಶಿಸಿದ ‘ವಿದಾಸ್ ಸೆಕಾಸ್’. ಬರಗಾಲದ ಬಯಲಿನಲ್ಲಿ ಒಂದು ಕುಟುಂಬ, ಜೊತೆಗೊಂದು ನಾಯಿ, ದೂರದಿಂದ ನಿಧಾನವಾಗಿ ನಡೆದು ಬರುತ್ತದೆ. ಅಷ್ಟು ಹೊತ್ತೂ ಕೇಳಿಸುವುದು ಎಣ್ಣೆ ಕಾಣದ ಎತ್ತಿನಗಾಡಿಯ ಚಕ್ರದ ಕಿರ್‍ರೆಂಬ ಸದ್ದು; ತೆರೆಯ ಮೇಲೆ ಗಾಡಿಯೇ ಇಲ್ಲ. ಆ ಸದ್ದು ಎಷ್ಟು ಹೊತ್ತು ಎಳೆಯುತ್ತದೆಂದರೆ ಕೇಳುವವರ ಹಲ್ಲು ಜುಂ ಎನ್ನುತ್ತದೆ, ಬಿಸಿಲು ಕಿವಿಯಿಂದಲೇ ಒಳಗಿಳಿಯುತ್ತದೆ.

ಅಬ್ಬರದ ದುಪ್ರಾ ಅವರನ್ನು ಕೇಳಬೇಕೆಂದಿದ್ದರೆ ಚಿತ್ರಗಳಿಂದ ಹೊರಗೆ ಬನ್ನಿ. 1967ರ ಬ್ರೆಜಿಲ್ ಟಿವಿ ಸಂಗೀತೋತ್ಸವದಲ್ಲಿ ಎರಡನೆಯ ಬಹುಮಾನ ಪಡೆದ, ಗಾಯಕ ಜಿಲ್ಬೆರ್ತೊ ಜಿಲ್ ಅವರ ‘ದೊಮಿಂಗೊ ನೊ ಪಾರ್ಕೆ’ ಹಾಡಿಗೆ ವಾದ್ಯಗಳನ್ನು ಹೊಂದಿಸಿದವರು ಅವರೇ. ಬಿಲ್ಲಿನಂತೆ ಬಾಗಿಸಿದ ಕೋಲಿಗೆ ಒಂದೇ ತಂತಿ ಬಿಗಿದು, ಒಣ ಸೋರೆಬುರುಡೆ ಕಟ್ಟಿದ ಬೆರಿಂಬೌ, ವಿದ್ಯುತ್ ಗಿಟಾರು, ವಾದ್ಯವೃಂದ ಮೂರೂ ಅಲ್ಲಿ ಒಟ್ಟಿಗೆ ಬರುತ್ತವೆ. ಜಗಳಕ್ಕೆ ನಿಂತವರಂತೆ ಒಂದು ವಾದ್ಯ ಇನ್ನೊಂದರ ಮೇಲೆ ಬೀಳುವುದಿಲ್ಲ. ಪ್ರತಿಯೊಂದಕ್ಕೂ ಬಾಯಿ ತೆರೆಯಲು ಒಂದು ಗಳಿಗೆ ಇದೆ. ಅದನ್ನು ಕೇಳಿದ ಮೇಲೆ ‘ನೊಯ್ಟೆ ವಜಿಯಾ’ವನ್ನು ಮತ್ತೊಮ್ಮೆ ನೋಡಿ; ಈ ಸಲ ಪಿಯಾನೊ ಎಲ್ಲಿ ನಿಲ್ಲುತ್ತದೆ, ನಿಂತ ಮೇಲೆ ಆ ಕೋಣೆಯಲ್ಲಿ ಏನೇನು ಕೇಳಿಸುತ್ತದೆ ಎಂಬುದರ ಕಡೆಗೆ ಕಿವಿ ಕೊಡಿ.