ವಿರಾಜಪೇಟೆಯಿಂದ ಕಳಿಸಿದ ಆಡಿಷನ್ ವಿಡಿಯೊಗೆ ಕರೆ ಬರುತ್ತಿಲ್ಲ
ಆರು ವಿಡಿಯೊ ಕಳಿಸಿದರೂ ಒಂದು ಧಾರಾವಾಹಿಯವರೂ ಕರೆದಿಲ್ಲ ಅಂದಿರಿ. ನನಗೆ ಅನುಮಾನ ನಟನೆ ಮೇಲಲ್ಲ, ಶಬ್ದದ ಮೇಲೆ. ಶೀಟಿನ ಮನೆ, ಮಳೆಗಾಲ ಅಂತಲೂ ಬರೆದಿದ್ದೀರಲ್ಲ. ನನ್ನದೇ ಒಂದು ಅಳುವ ದೃಶ್ಯವನ್ನು ಮಳೆ ಪೂರ್ತಿ ನುಂಗಿತ್ತು.

ಮೊದಲು ಮಳೆ ಬಿಟ್ಟ ಹೊತ್ತು ನೋಡಿ, ಕಿಟಕಿಗೆ ಮುಖ ಮಾಡಿ ನಿಲ್ಲಿ. ಫೋನ್ ಅಡ್ಡಕ್ಕೆ, ಕಣ್ಣಿನ ಮಟ್ಟಕ್ಕಿರಲಿ. ಎದೆಯಿಂದ ಮೇಲೆ ಕಂಡರೆ ಸಾಕು. ಎದುರು ಪಾತ್ರದ ಮಾತು ಓದುವವರು ಲೆನ್ಸ್ ಪಕ್ಕದಲ್ಲೇ ನಿಂತು ಮೆಲ್ಲಗೆ ಓದಲಿ, ಫೋನಿಗೆ ನಿಮಗಿಂತ ಅವರೇ ಹತ್ತಿರ. ಶುರುವಿಗೆ ಹೆಸರು, ವಯಸ್ಸು, ಎತ್ತರ, ಬರುವ ಭಾಷೆಗಳನ್ನು ಹೇಳಿ. ಕೊಡವ ತಕ್ಕ್ (ಕೊಡವ ಭಾಷೆ) ಬಿಡಬೇಡಿ. ವಾಟ್ಸ್ಆ್ಯಪ್‌ನಲ್ಲಿ ನೇರ ಹಾಕಿದರೆ ವಿಡಿಯೊ ಮಸುಕಾಗುತ್ತದೆ. ಡ್ರೈವ್ ಲಿಂಕ್ ಕಳಿಸಿ, ಯಾರು ಬೇಕಾದರೂ ತೆರೆಯುವಂತಿರಲಿ.

ಊರೂ ಕಾರಣ ಇರಬಹುದು, ಖಚಿತವಾಗಿ ಹೇಳಲಾರೆ. ಧಾರಾವಾಹಿ ಶೂಟಿಂಗ್ ಹೆಚ್ಚಾಗಿ ಬೆಂಗಳೂರಲ್ಲೇ. ನಾಳೆಯ ಡೇಟ್ ಇವತ್ತು ರಾತ್ರಿ ಹೇಳುವುದೂ ಉಂಟು. ಕೊಡಗು ಅಂತ ಕಂಡ ಕೂಡಲೇ ಪಕ್ಕಕ್ಕಿಟ್ಟಿರಬಹುದು. ಬೆಂಗಳೂರಲ್ಲಿ ಉಳಿಯಲು ಜಾಗ ಇದ್ದರೆ ಅದನ್ನೂ, ತಿಂಗಳಿಗೆ ಎಷ್ಟು ದಿನ ಸಿಗುತ್ತೀರಿ ಅನ್ನೋದನ್ನೂ ಸೇರಿಸಿ ಲಿಂಕಿನ ಜೊತೆಗೇ ಬರೆಯಿರಿ.

ಒಬ್ಬ ರಿಜಿಸ್ಟ್ರೇಷನ್‌ಗೆ ಮೂರು ಸಾವಿರ ಕೇಳಿದ ಅಂತಲೂ ಬರೆದಿದ್ದೀರಿ, ಅವನ ನಂಬರ್ ಬ್ಲಾಕ್ ಮಾಡಿ.